ಪಟ್ಟಿಯಲ್ಲಿಲ್ಲದ ಹೆಸರು

"ಈ ಹುಡುಗಿ ಹೋಗೋ ಹಾಗಿಲ್ಲ. ಪಟ್ಟಿಯಲ್ಲಿ ಹೆಸರೇ ಇಲ್ಲ."

ಸ್ಪಿನ್ ಬೋಲ್ದಕ್ ಗಡಿಯ ಗುಮಾಸ್ತ ಪಲ್ವಶಾಳತ್ತ ಬೆರಳು ತೋರಿಸಿ ಹಾಗೆಂದ. ಕಾಬೂಲ್ ಬಿದ್ದು ಹನ್ನೊಂದು ದಿನ. ಮೂತ್ರಪಿಂಡ ಕೆಟ್ಟ ಅಮ್ಮ ಕೈಗಾಡಿಯಲ್ಲಿ ಮುದುಡಿ ಮಲಗಿದ್ದಳು. ಅಮ್ಮನಿಗೆ ಗಡಿಯಾಚೆಯ ಕ್ವೆಟ್ಟಾ ಆಸ್ಪತ್ರೆಯ ಚೀಟಿಯಿತ್ತು. ಅಪ್ಪ ಹಾಜಿ ನಜರ್‌ಗುಲ್ ಹೆಸರೂ, ಗಾಡಿ ಹಿಡಿದು ನಿಂತ ಬರ್ಯಾಲೈಯ ಹೆಸರೂ ಪಟ್ಟಿಯಲ್ಲಿದ್ದವು.

ಬರ್ಯಾಲೈ ಅವಳ ಗಂಡ. ನಿಕಾಹ್ ಆಗಿ ಎರಡು ವರ್ಷವಾದರೂ ಮನೆ ತುಂಬಿಸಿಕೊಂಡಿರಲಿಲ್ಲ. ಬುರ್ಖಾದ ಜಾಲರಿಯಿಂದ ಅವನ ಮುಖವನ್ನು ಇಷ್ಟು ಹತ್ತಿರ ನೋಡಿದ್ದು ಇವತ್ತೇ. ಫೋನಿನಲ್ಲೂ "ಹಾಜಿಯವರ ಮನೇಲಿ ಎಲ್ಲ ಚೆನ್ನಾಗಿದ್ದಾರಾ?" ಅಷ್ಟೇ. ಒಮ್ಮೆಯೂ ಅವಳನ್ನು ಹೆಸರು ಹಿಡಿದು ಕರೆದವನಲ್ಲ.

ಅವನು ಪರದೇಶದವರ ಕಚೇರಿಯಲ್ಲಿ ಚಾಲಕ. ಗಡಿ ದಾಟುವವರ ಪಟ್ಟಿಯನ್ನು ಅಲ್ಲಿ ಬರೆಸಿದ್ದೂ ಅವನೇ.

'ನನ್ನಿಂದ ಕಳಚಿಕೊಳ್ಳೋಕೆ ಹೀಗೆ ಮಾಡಿದನಾ...?'

"'ಹಾಜಿ ನಜರ್‌ಗುಲ್ ಮಗಳು' ಅಂತಿದೆ. ಮಗಳಿಗೆ ಹೆಸರಿಡೋದು ಮರೆತ್ರಾ?" ಗುಮಾಸ್ತನ ಮಾತಿಗೆ ಸಾಲಿನಲ್ಲಿದ್ದವರು ನಕ್ಕರು.

ಬರ್ಯಾಲೈ ತಲೆ ತಗ್ಗಿಸಿದ. "ಕಚೇರಿ ತುಂಬಾ ಗಂಡಸ್ರಿದ್ರು. ಅವರ ಬಾಯಿಗೆಲ್ಲ ಇವಳ ಹೆಸರು ಬೀಳಬಾರದು ಅಂತ..."

"ಈಗ ಹೇಳಿದ್ರೆ ಆಗಲ್ಲಪ್ಪ. ಮೊಹರು ಬೇಕು. ನಿಮ್ಮ ಕಚೇರಿಗೆ ಬೀಗ ಬಿದ್ದಿದೆ."

ಮರ್ಯಾದೆ ಕಾಯಲು ಹೋಗಿ ಹೆಂಡತಿಯನ್ನೇ ಕಳೆದುಕೊಂಡಿದ್ದ, ಪುಣ್ಯಾತ್ಮ!

ಅಪ್ಪ ಅವಳ ಪಕ್ಕಕ್ಕೆ ಬಂದು ನಿಂತರು. "ನಾನೂ ಇಲ್ಲೇ ಇರ್ತೀನಿ ಮಗಳೇ."

"ಅಮ್ಮ ಇನ್ನೆರಡು ದಿನ ತಡೆಯಲ್ಲ. ನೀವು ಹೋಗಿ ಅಪ್ಪ."

ಬರ್ಯಾಲೈ ಗಾಡಿ ತಳ್ಳಿಕೊಂಡು ಹೊರಟ. ಅಪ್ಪ ತಿರುಗಿ ತಿರುಗಿ ನೋಡುತ್ತ ಹಿಂದೆ ನಡೆದರು. ಮೂವರೂ ಗೇಟು ದಾಟಿದರು. ಪಲ್ವಶಾ ಬಿಸಿಲಿನ ಧೂಳಿನಲ್ಲಿ ಕುಸಿದು ಕೂತಳು. ಇನ್ನು ಅಮ್ಮನನ್ನು ನೋಡುತ್ತಾಳೋ ಇಲ್ಲವೋ. ಅವನಂತೂ ಹೋಗಿಯೇ ಬಿಟ್ಟ.

"ಪಲ್ವಶಾ!"

ನೂರಾರು ಗಂಡಸರು ತಿರುಗಿ ನೋಡಿದರು. ಗಾಡಿಯನ್ನು ಆಚೆ ಅಪ್ಪನ ಕೈಗೆ ಕೊಟ್ಟು, ಜನರನ್ನು ತಳ್ಳಿಕೊಂಡು ಬರ್ಯಾಲೈ ವಾಪಸು ಬರುತ್ತಿದ್ದ.

"ನನ್ನ ಹೆಸರು ಗೊತ್ತಿತ್ತಾ ನಿಮಗೆ?"

"ಎರಡು ವರ್ಷ ದಿನಾ ಹೇಳ್ಕೊಂಡಿದ್ದೀನಿ. ಮನಸ್ಸಲ್ಲೇ."

"ಯಾಕೆ ಬಂದ್ರಿ? ಪರದೇಶದವರ ಕೆಲಸ ಮಾಡಿದವರನ್ನ ಕಾಬೂಲ್ ಹಿಡಿದವರು ಹುಡುಕ್ತಿದ್ದಾರೆ. ನಿಮ್ಮನ್ನ ಬಿಡಲ್ಲ."

"ಗೊತ್ತು. ನೀನಿಲ್ಲದೆ ಅಲ್ಲಿ ಬದುಕಿದ್ದು ಏನ್ ಮಾಡಲಿ?"

ಅವಳು ಧೂಳು ಕೊಡವಿ ಎದ್ದು ನಿಂತಳು.

"ಇನ್ನೊಂದ್ಸಲ ನನ್ನ ಹೆಸರು ಹೇಳಿ..."

ಅವನು ಹೇಳಿದ. ಗೇಟಿಗೆ ಸರಪಳಿ ಬಿತ್ತು.