ಒಂದು ಮೊಳೆಗೆ ಒಂದು ಕೋಟಿ

ಅವನ ಕಣ್ಣಿನಲ್ಲಿ ಯಾವ ದೋಷವೂ ಇರಲಿಲ್ಲ. ನನಗೆ ಅನುಮಾನ ಶುರುವಾದದ್ದೇ ಅಲ್ಲಿಂದ.

ಕನ್ನಡಕದ ಅಂಗಡಿಯಲ್ಲಿ ಕಣ್ಣು ಪರೀಕ್ಷೆ ಮಾಡುವುದು ನನ್ನ ಕೆಲಸ. ಒಂಬತ್ತು ವರ್ಷದಿಂದ ಅದೇ ಕತ್ತಲೆ ಕೋಣೆ, ಅದೇ ಬೆಳಕಿನ ಚಾರ್ಟು, ಅದೇ ಪ್ರಶ್ನೆ. ಜನ ಎಷ್ಟು ಸುಳ್ಳು ಹೇಳುತ್ತಾರೆ ಅಂತೀರಿ! ಅದಕ್ಕೆ ನಮ್ಮಲ್ಲಿ ಒಂದು ಉಪಾಯ ಇದೆ. ಪರೀಕ್ಷೆಗೆಂದು ಮೂಗಿನ ಮೇಲೆ ಕೂರಿಸುವ ಟ್ರಯಲ್ ಫ್ರೇಮಿಗೆ ಪವರ್ ಇಲ್ಲದ ಬರೀ ಗಾಜು ಹಾಕಿ "ಈಗ ಹೇಗಿದೆ?" ಎಂದು ಕೇಳುವುದು. ಚೆನ್ನಾಗಿ ಕಾಣುತ್ತಿದೆ ಎಂದರೆ ಆಸಾಮಿ ನಾಟಕ ಮಾಡುತ್ತಿದ್ದಾನೆ ಎಂದೇ ಲೆಕ್ಕ.

"ಈಗ ಹೇಗಿದೆ?" ಎಂದೆ.

"ಆಹಾ, ಈಗ ತುಂಬಾ ಕ್ಲಿಯರ್ ಮೇಡಂ."

ಅವನು ಚಾರ್ಟಿನ ಕಡೆ ನೋಡುತ್ತಲೇ ಇರಲಿಲ್ಲ. ಆ ಗುಂಡನೆಯ ಫ್ರೇಮಿನೊಳಗಿಂದ ನನ್ನನ್ನೇ ನೋಡುತ್ತಿದ್ದ. ನಾನು ತಿರುಗಿದ್ದೇ ತಡ, ದೃಷ್ಟಿ ಸರಕ್ಕನೆ ಗೋಡೆಗೆ ಹೋಯಿತು.

"ಇದು ಬರೀ ಗಾಜು ಕಣ್ರೀ. ಕಿಟಕಿಗೆ ಹಾಕ್ತಾರಲ್ಲ, ಅದರ ತಮ್ಮ."

ಅವನ ಕಿವಿ ಕೆಂಪಗಾಯಿತು. ಆ ಕಿವಿಯಿಂದಲೇ ಗುರುತು ಸಿಕ್ಕಿತು. ಹೋದ ವಾರ ಅಮ್ಮನನ್ನು ಕರೆದುಕೊಂಡು ಹೋಗಿ ಗೃಹಸಾಲಕ್ಕೆ ಅರ್ಜಿ ಕೊಟ್ಟಿದ್ದೆನಲ್ಲ, ಆ ಬ್ಯಾಂಕಿನ ಸಾಲದ ಮೇಜಿನಲ್ಲಿ ಇದೇ ಕೆಂಪು ಕಿವಿ ಹೊತ್ತು ಕೂತಿದ್ದವನು ಇವನೇ.

"ಬ್ಯಾಂಕಿನವರಲ್ವಾ ನೀವು? ಏನ್ರೀ ಇದು ನಾಟಕ?"

"ಹತ್ತಿರದ್ದು ಓದಿಸೋ ಪರೀಕ್ಷೆ ಇರುತ್ತಲ್ಲ, ಅದು ಮಾಡೋಣ," ಎಂದು ಜೇಬಿನಿಂದ ಮಡಿಸಿದ ಕಾಗದ ತೆಗೆದ. "ನನಗಲ್ಲ, ನಿಮಗೆ. ಕೊನೇ ಸಾಲು ಓದಿ."

ಇಲಿಯ ಹಲ್ಲಿನಷ್ಟು ಸಣ್ಣ ಅಂಕಿಗಳ ಪಟ್ಟಿ ಅದು. ಮುನ್ನೂರು ತಿಂಗಳು, ಮುನ್ನೂರು ಕಂತು. ಅಡಿಯಲ್ಲಿ ಒಟ್ಟು ಮೊತ್ತ. ಓದಿದೆ. ಒಂದು ಕೋಟಿ ಎಪ್ಪತ್ತು ಸಾವಿರ.

"ಇದು ಯಾರದ್ದು?"

"ನಿಮ್ಮದೇ."

"ನಾನು ಕೇಳಿರೋದು ನಲವತ್ತು ಲಕ್ಷ ಕಣ್ರೀ!"

"ತಗೊಳ್ಳೋದು ನಲವತ್ತು. ಇಪ್ಪತ್ತೈದು ವರ್ಷದಲ್ಲಿ ವಾಪಸ್ ಕೊಡೋದು ಒಂದು ಕೋಟಿ. ಬಡ್ಡಿನೇ ಅರವತ್ತು ಲಕ್ಷ. ಮೊದಲನೇ ತಿಂಗಳು ಕಟ್ತೀರಲ್ಲ ಮೂವತ್ತಮೂರೂವರೆ ಸಾವಿರ, ಅದರಲ್ಲಿ ಮೂವತ್ತು ಸಾವಿರ ಬಡ್ಡಿಗೇ ಹೋಗುತ್ತೆ. ಅಸಲಿಗೆ ಮೂರೂವರೆ ಸಾವಿರ."

ಮ್ಯಾನೇಜರು ಹೋದ ವಾರ ನನಗೆ ತೋರಿಸಿದ್ದು ತಿಂಗಳ ಕಂತನ್ನು ಮಾತ್ರ, ದಪ್ಪ ಅಕ್ಷರದಲ್ಲಿ. ಸಂಬಳಕ್ಕೆ ಎಟುಕುತ್ತದೆ ಎಂದು ಖುಷಿಯಿಂದ ಎದ್ದು ಬಂದಿದ್ದೆ. ಬೆಳಗ್ಗಿನಿಂದ ಸಂಜೆಯವರೆಗೆ ಕಂಡವರಿಗೆಲ್ಲ "ಕೊನೇ ಸಾಲು ಓದಿ, ಕೊನೇ ಸಾಲು ಓದಿ" ಎನ್ನುವವಳು ನನ್ನದೇ ಕಾಗದದ ಕೊನೆಯ ಸಾಲನ್ನು ಓದಿರಲಿಲ್ಲ.

"ಶುಕ್ರವಾರ ಆ ಪೇಪರಿಗೆ ಸೈನ್ ಹಾಕ್ಬೇಡಿ," ಎಂದ. ಇನ್ನೂ ಏನೋ ಹೇಳುವವನಿದ್ದ. ಅಷ್ಟರಲ್ಲಿ ಮುಂದಿನ ಗಿರಾಕಿ ಬಾಗಿಲು ತಟ್ಟಿದರು. "ನಾನು ಹೇಳ್ದೆ ಅಂತ ಎಲ್ಲೂ ಹೇಳ್ಬೇಡಿ, ಕೆಲಸ ಹೋಗುತ್ತೆ," ಎಂದು ಪರೀಕ್ಷೆಯ ಫೀಸನ್ನೂ ಕೊಟ್ಟು ಹೊರಟೇಹೋದ.

ನನ್ನ ಅಂಗಡಿಯ ಸರಕು ಕೊಳ್ಳಬೇಡಿ ಎನ್ನುವ ವ್ಯಾಪಾರಿಯನ್ನು ನೀವು ಎಲ್ಲಾದರೂ ಕಂಡಿದ್ದೀರಾ? ನಾನಂತೂ ಕಂಡಿಲ್ಲ. ಇದರಲ್ಲಿ ಏನೋ ಇದೆ ಅಂದುಕೊಂಡೆ.

*

ನಮ್ಮ ಬಾಡಿಗೆ ಮನೆಯಲ್ಲಿ ಗೋಡೆಗೆ ಮೊಳೆ ಹೊಡೆಯುವಂತಿಲ್ಲ. ಓನರ್ ಕರಾರು ಪತ್ರದಲ್ಲೇ ಬರೆಸಿದ್ದಾರೆ. ಅಪ್ಪ ತೀರಿಕೊಂಡು ಎಂಟು ವರ್ಷ. ಅಂದಿನಿಂದ ಅವರ ಫೋಟೋ ಫ್ರಿಜ್ಜಿನ ಮೇಲೆ ಗೋಡೆಗೆ ಒರಗಿ ಕೂತಿದೆ. ಫ್ರಿಜ್ಜು ಗಡಗಡ ಎಂದಾಗಲೆಲ್ಲ ಅಪ್ಪ ಜಾರುತ್ತಾರೆ. ಅಮ್ಮ ಹೊಲಿಗೆ ಮಷೀನು ಬಿಟ್ಟು ಓಡಿ ಬಂದು "ಬಿದ್ದೀರಿ ಜೋಕೆ" ಎಂದು ನೆಟ್ಟಗೆ ಕೂರಿಸುತ್ತಾಳೆ. ಹೋದ ವಾರ ಬ್ಯಾಂಕಿನಲ್ಲಿ ಅವನು "ಮನೆ ಯಾಕೆ ತಗೋತಿದೀರಮ್ಮ?" ಎಂದು ಕೇಳಿದಾಗ ಅಮ್ಮ ಹೇಳಿದ್ದು ಒಂದೇ ಮಾತು. "ಒಂದು ಮೊಳೆ ಹೊಡೆಯೋಕಪ್ಪಾ."

ಸಂಜೆ ಕಾಗದ ತೋರಿಸಿದೆ. ಅಮ್ಮ ಎರಡು ಸಲ ಓದಿಸಿದಳು.

"ಒಂದು ಮೊಳೆಗೆ ಒಂದು ಕೋಟಿನಾ?" ಎಂದಳು. ಆಮೇಲೆ ಅವಳ ತಲೆ ಓಡತೊಡಗಿತು. "ಬೆಳ್ಳಗಿರೋದೆಲ್ಲ ಹಾಲಲ್ಲ ಕಣೇ. ಆ ಸಾಲದಪ್ಪನಿಗೆ ನಮ್ಮ ಫ್ಲ್ಯಾಟಿನ ಮೇಲೆ ಕಣ್ಣು. ನೀನು ಶುಕ್ರವಾರ ಹಿಂದೆ ಸರಿದ್ರೆ ನಮ್ಮ ಅಡ್ವಾನ್ಸ್ ಎರಡು ಲಕ್ಷ ಮುಳುಗ್ತು, ಮನೆ ಅವನ ಪಾಲಾಯ್ತು."

"ಇರಬಹುದಮ್ಮ. ಇಲ್ಲಾಂದ್ರೆ ಬೇರೆ ಬ್ಯಾಂಕಿಂದ ಕಮಿಷನ್ ತಿಂತಾನೆ."

"ನೋಡೋಕೇನೋ ಪಾಪದವನ ಹಾಗೆ ಇದ್ದ."

"ಪಾಪದವರ ಹಾಗೆ ಇರೋರೇ ಅಮ್ಮ ಡೇಂಜರ್."

ಅನುಮಾನದಲ್ಲಿ ನಾನು ಅಮ್ಮನ ಮಗಳೇ. ಆದರೆ ತಟ್ಟೆ ತೊಳೆಯುವಾಗ ಆ ಕೆಂಪು ಕಿವಿ ನೆನಪಾಗಿ ನಗು ಬಂತು. ನನಗೇ ನನ್ನ ಮೇಲೆ ಸಿಟ್ಟು ಬಂತು. ಇಷ್ಟು ದಿನ ಯಾರ ಕಿವಿಯನ್ನೂ ನೆನಪಿಟ್ಟುಕೊಂಡವಳಲ್ಲ ನಾನು.

ಮಂಗಳವಾರ ಎದುರು ರಸ್ತೆಯ ಇನ್ನೊಂದು ಬ್ಯಾಂಕಿಗೆ ಹೋಗಿ ವಿಚಾರಿಸಿದೆ. ಅಲ್ಲಿ ಅವನನ್ನು ಕಂಡವರೇ ಇರಲಿಲ್ಲ. ಮನಸ್ಸು ಹಗುರಾಯಿತು. ಬುಧವಾರ ಬಿಲ್ಡರ್ ಆಫೀಸಿಗೆ ಹೋದೆ. ಅದು ಮತ್ತೆ ಭಾರವಾಯಿತು.

"ಆ ಮೂರನೇ ಮಹಡಿ ಫ್ಲ್ಯಾಟ್ ನೋಡೋಕೆ ಬೇರೆ ಯಾರಾದ್ರೂ ಬಂದಿದ್ರಾ?" ಎಂದು ಅಲ್ಲಿನ ಗುಮಾಸ್ತೆಯನ್ನು ಕೇಳಿದೆ.

"ಅಯ್ಯೋ, ಬಂದಿದ್ರು ಮೇಡಂ! ಬ್ಯಾಂಕಿನೋರಂತೆ. ಒಂದ್ಸಲ ಅಲ್ಲ, ಎರಡು ಸಲ. ಎರಡನೇ ಸಲ ಏನ್ಮಾಡಿದ್ರು ಗೊತ್ತಾ? ಬ್ಯಾಗಿಂದ ಸುತ್ತಿಗೆ ತೆಗೆದು ಹಾಲಿನ ಗೋಡೆಗೆ ಮೊಳೆ ಹೊಡೆದ್ರು! ಯಾಕ್ರೀ ಅಂದ್ರೆ, ಇರ್ಲಿ ಬಿಡಿ, ಮುಂದೆ ಬೇಕಾಗುತ್ತೆ ಅಂದ್ರು."

ನನ್ನ ಮೈ ಉರಿದುಹೋಯಿತು. ನನ್ನ ಮನೆ, ನನ್ನ ಗೋಡೆ, ಎಂಟು ವರ್ಷದಿಂದ ಅಮ್ಮ ಕಾಯುತ್ತಿರುವ ಮೊಳೆ. ಅದನ್ನು ಈ ದೊರೆ ತಾನೇ ಹೊಡೆದು ಹೋಗಿದ್ದಾನೆ! ಅಮ್ಮ ಹೇಳಿದ್ದು ನಿಜವಾಯಿತಲ್ಲ ಎಂದು ಸಂಕಟವಾಯಿತು. ಆ ಸಂಕಟ ಮನೆಯ ಬಗ್ಗೆ ಮಾತ್ರ ಆಗಿರಲಿಲ್ಲ ಎಂಬುದೇ ಇನ್ನೂ ದೊಡ್ಡ ಸಂಕಟ.

*

ಗುರುವಾರ ಮಧ್ಯಾಹ್ನ ಬ್ಯಾಂಕಿನ ಹಿಂದಿನ ಬಸ್ ನಿಲ್ದಾಣದ ಬೆಂಚಿನಲ್ಲಿ ಅವನು ಊಟದ ಡಬ್ಬಿ ಬಿಚ್ಚುತ್ತಿದ್ದ. ಎದುರಿಗೆ ಹೋಗಿ ನಿಂತೆ.

"ಇವತ್ತೂ ಸುತ್ತಿಗೆ ತಂದಿದೀರಾ?"

ಅವನ ಕೈಯಿಂದ ಮುಚ್ಚಳ ಉರುಳಿಹೋಯಿತು. ಬಗ್ಗಿ ಎತ್ತಿಕೊಳ್ಳುವಾಗ ಕಿವಿ ಆಗಲೇ ಬಣ್ಣಕ್ಕೆ ತಿರುಗಿತ್ತು.

"ಮೊದಲನೇ ಸಲ ಬ್ಯಾಂಕಿನ ಪರವಾಗಿ ಹೋಗಿದ್ದೆ. ಸಾಲ ಕೊಡೋ ಮುಂಚೆ ಮನೆ ನೋಡ್ಬೇಕು, ಅದು ನನ್ನ ಕೆಲಸ."

"ಎರಡನೇ ಸಲ?"

"ಅದು ಕೆಲಸ ಅಲ್ಲ." ಡಬ್ಬಿ ಪಕ್ಕಕ್ಕಿಟ್ಟ. "ಆರು ವರ್ಷದ ಹಿಂದೆ ಅದೇ ಬಿಲ್ಡರ್ ಹತ್ರ ನಾನೂ ಒಂದು ಮನೆ ತಗೊಂಡೆ. ಕ್ಯಾಲೆಂಡರ್ ಹಾಕೋಣ ಅಂತ ಮೊಳೆ ಹೊಡೆದ್ರೆ ಅಂಗೈ ಅಗಲ ಗಾರೆ ಕಿತ್ಕೊಂಡು ಬಂತು. ನಿಮ್ಮಮ್ಮ ಮೊಳೆ ಅಂದಾಗಿಂದ ನನಗೆ ಅದೇ ಚಿಂತೆ. ಅವರು ಫೋಟೋ ಹಾಕೋ ದಿನ ಗೋಡೆ ಉದುರಿದ್ರೆ ಏನ್ ಗತಿ ಅಂತ..."

ಜಗಳಕ್ಕೆಂದು ಜೋಡಿಸಿಕೊಂಡು ಬಂದ ಮಾತುಗಳೆಲ್ಲ ಎಲ್ಲಿಗೆ ಹೋದವೋ!

"ನಿಂತಿತಾ?" ಎಂದೆ ಕೊನೆಗೆ.

"ಗಟ್ಟಿಯಾಗಿ ನಿಂತಿದೆ. ನನ್ನ ಬ್ಯಾಗ್ ನೇತುಹಾಕಿ ಅರ್ಧ ಗಂಟೆ ನೋಡಿದೆ."

ಆಮೇಲೆ ಮೊಬೈಲಿನಲ್ಲಿ ತನ್ನದೇ ಸಾಲದ ಖಾತೆ ತೆರೆದು ತೋರಿಸಿದ. ತೆಗೆದುಕೊಂಡದ್ದು ಇಪ್ಪತ್ತು ಲಕ್ಷ. ಆರು ವರ್ಷದಲ್ಲಿ ಕಟ್ಟಿದ್ದು ಹನ್ನೆರಡು ಲಕ್ಷ. ಇನ್ನೂ ಉಳಿದಿರುವ ಸಾಲ ಹದಿನೆಂಟು ಲಕ್ಷ ಮೂವತ್ತು ಸಾವಿರ.

"ಊರಿಗೆಲ್ಲ ಸಾಲ ಕೊಡೋನು ನಾನು. ನನ್ನದೇ ಪಟ್ಟೀನ ಕಳೆದ ತಿಂಗಳವರೆಗೂ ಕೊನೇವರೆಗೆ ಓದಿರ್ಲಿಲ್ಲ," ಎಂದು ಪೆಚ್ಚು ನಗೆ ನಕ್ಕ. "ಮನೆ ಬೇಡ ಅಂತ ನಾನು ಹೇಳ್ತಿಲ್ಲ. ಆ ಇಪ್ಪತ್ತೈದು ವರ್ಷ ಬೇಡ. ಹದಿನೈದಕ್ಕೆ ಮಾಡಿಸಿ. ತಿಂಗಳಿಗೆ ಏಳು ಸಾವಿರ ಜಾಸ್ತಿ ಆಗುತ್ತೆ, ನಿಜ. ಆದ್ರೆ ಎಲ್ಲ ಸೇರಿ ಎಪ್ಪತ್ತಮೂರು ಲಕ್ಷಕ್ಕೆ ಮುಗಿಯುತ್ತೆ. ಇಪ್ಪತ್ತೇಳು ಲಕ್ಷ ಉಳೀತು, ಹತ್ತು ವರ್ಷ ಉಳೀತು."

"ಮ್ಯಾನೇಜರ್ ಯಾಕೆ ಇದನ್ನ ಹೇಳ್ಲಿಲ್ಲ?"

"ಕೇಳಿದ್ರೆ ಹೇಳ್ತಾರೆ. ಕೇಳೋರು ಯಾರು? ಎಲ್ಲರೂ ಕಂತು ಎಷ್ಟು ಅಂತಾರೆ, ಒಟ್ಟು ಎಷ್ಟು ಅನ್ನಲ್ಲ."

"ಏಳು ಸಾವಿರ ಎಲ್ಲಿಂದ ತರ್ಲಿ?"

"ಬೇಕಾದ್ರೆ ನಾನು..." ಎಂದವನು ಗಪ್ಪನೆ ಬಾಯಿ ಮುಚ್ಚಿಕೊಂಡ.

ಮಲಗಿದ್ದ ಅನುಮಾನ ಮತ್ತೆ ಎದ್ದು ಕೂತಿತು. "ನೀವು? ನೀವ್ಯಾಕೆ ಕೊಡ್ತೀರಿ? ಕೆಲಸ ಹೋದ್ರೂ ಪರವಾಗಿಲ್ಲ ಅಂತ ಬಂದು ಹೇಳ್ತೀರಿ, ಗೋಡೆಗೆ ಮೊಳೆ ಹೊಡೀತೀರಿ, ಈಗ ದುಡ್ಡೂ ಕೊಡ್ತೀನಿ ಅಂತೀರಿ. ಇದ್ರಲ್ಲಿ ನಿಮಗೇನ್ರೀ ಲಾಭ?"

ಅವನು ಡಬ್ಬಿಗೆ ಮುಚ್ಚಳ ಹಾಕತೊಡಗಿದ. ಉತ್ತರ ನನಗೂ ಗೊತ್ತಿತ್ತು ಅನ್ನಿ. ಆದರೂ ಅವನ ಬಾಯಿಂದಲೇ ಬರಬೇಕಿತ್ತು.

"ಗೊತ್ತಾದಾಗ ಅಂಗಡಿಗೆ ಬನ್ನಿ," ಎಂದು ಹೊರಟುಬಂದೆ.

*

ಶುಕ್ರವಾರ ಕೈಯಲ್ಲಿ ಭೂತಗನ್ನಡಿ ಹಿಡಿದು ಮ್ಯಾನೇಜರ ಮುಂದೆ ಕೂತೆ. ಒಂದೊಂದೇ ಹಾಳೆ, ಒಂದೊಂದೇ ಸಾಲು. ಮ್ಯಾನೇಜರು ಮೂರು ಸಲ ಗಡಿಯಾರ ನೋಡಿದರು. ಹನ್ನೊಂದನೇ ಪುಟದಲ್ಲಿ ಒಂದೂವರೆ ಲಕ್ಷದ ವಿಮೆಯೊಂದು ಸಾಲದೊಳಗೇ ತೆಪ್ಪಗೆ ಕೂತಿತ್ತು. ಅದನ್ನು ಹೊಡೆದುಹಾಕಿಸಿದೆ.

"ಹದಿನೈದು ವರ್ಷಕ್ಕೆ ಬೇರೆ ಪೇಪರ್ ಮಾಡಿ ಸರ್," ಎಂದೆ.

"ಕಂತು ಜಾಸ್ತಿ ಆಗುತ್ತಮ್ಮಾ. ಯೋಚನೆ ಮಾಡಿದೀರಾ? ಯಾರು ಹೇಳಿದ್ರು ನಿಮಗೆ ಇದೆಲ್ಲ?"

"ಯಾರೂ ಹೇಳ್ಲಿಲ್ಲ. ನನಗೆ ಓದೋಕೆ ಬರುತ್ತೆ."

ಪಕ್ಕದ ಮೇಜಿನಲ್ಲಿ ಅವನು ಕಂಪ್ಯೂಟರಿನೊಳಗೆ ಮುಖ ಹುದುಗಿಸಿ ಕೂತಿದ್ದ. ಈ ಕಡೆಗೆ ಕಾಣುತ್ತಿದ್ದದ್ದು ಒಂದು ಕಿವಿ ಮಾತ್ರ. ನನಗೆ ಅಷ್ಟು ಸಾಕಾಯಿತು. ಆ ಹೊತ್ತಿಗೆ ಅವನು ನನಗೆ ಇಷ್ಟವಾಗಿಬಿಟ್ಟಿದ್ದ, ಯಾಕೆ ಸುಮ್ಮನೆ ಮುಚ್ಚುಮರೆ.

ಏಳು ಸಾವಿರಕ್ಕೆ ನಾನೇ ದಾರಿ ಮಾಡಿಕೊಂಡಿದ್ದೆ. ಭಾನುವಾರಗಳಲ್ಲಿ ಕಾರ್ಖಾನೆಗಳಿಗೆ ಹೋಗಿ ಕೆಲಸಗಾರರ ಕಣ್ಣು ಪರೀಕ್ಷೆ ಮಾಡುವುದು. ಹದಿನೈದು ವರ್ಷದ ಭಾನುವಾರಗಳು ಹೋದವು. ಆದರೆ ಅವು ಎಲ್ಲಿಗೆ ಹೋಗುತ್ತವೆ ಎಂಬುದು ಈಗ ನನಗೆ ಗೊತ್ತಿತ್ತು.

ಸಂಜೆ ಅವನು ಅಂಗಡಿಗೆ ಬಂದ. ಏನೂ ಕೇಳದೆ ಕುರ್ಚಿಯಲ್ಲಿ ಕೂರಿಸಿ ಟ್ರಯಲ್ ಫ್ರೇಮ್ ಹಾಕಿದೆ. ಒಂದು ಗಾಜು ಹಾಕಿ ತೆಗೆದೆ, ಇನ್ನೊಂದು ಹಾಕಿದೆ.

"ಮೊದಲನೇದು ಕ್ಲಿಯರಾ, ಎರಡನೇದಾ?"

ಈ ಸಲ ಅವನು ಚಾರ್ಟನ್ನೇ ನೋಡಿದ. "ಎರಡೂ ಒಂದೇ. ಬರೀ ಗಾಜು."

"ಸೋಮವಾರ ಯಾಕೆ ಸುಳ್ಳು ಹೇಳಿದ್ರಿ?"

"ಸೋಮವಾರ ಹೇಳಿದ್ದು ಸುಳ್ಳಲ್ಲ. ನಾನು ನೋಡ್ತಿದ್ದಿದ್ದು ಚಾರ್ಟನ್ನಲ್ಲ." ಫ್ರೇಮಿನೊಳಗಿಂದ ನನ್ನತ್ತ ತಿರುಗಿದ. "ನಿಮ್ಮ ಪ್ರಶ್ನೆಗೆ ಉತ್ತರ ಅದೇ. ಲಾಭ ಏನಿದೆಯೋ ಗೊತ್ತಿಲ್ಲ. ನೀವಂದ್ರೆ ಇಷ್ಟ."

ನಾನು ಕಾದಿದ್ದ ಮಾತು ಅದೇ. ಆದರೂ ಹುಟ್ಟುಗುಣ ಬಿಡಬೇಕಲ್ಲ!

"ಹಾಗಾದ್ರೆ ಈಗಲೇ ಹೇಳ್ಬಿಡಿ. ನಿಮ್ಮನ್ನ ಕಟ್ಕೊಂಡ್ರೆ ಒಟ್ಟು ಎಷ್ಟು ಬೀಳುತ್ತೆ? ಕಂತು ಬೇಡ, ಒಟ್ಟು ಹೇಳಿ. ಸಣ್ಣ ಅಕ್ಷರದಲ್ಲಿರೋದೂ ಸೇರಿಸಿ."

ಮೂಗಿನ ಮೇಲೆ ಆ ಗುಂಡು ಫ್ರೇಮ್ ಇಟ್ಟುಕೊಂಡೇ ಅವನು ಗಂಭೀರವಾಗಿ ಬೆರಳು ಮಡಿಸತೊಡಗಿದ. "ಹದಿನೆಂಟು ಲಕ್ಷ ಮೂವತ್ತು ಸಾವಿರ ಸಾಲ. ಗಾರೆ ಉದುರೋ ಒಂದು ಮನೆ. ಗೊರಕೆ ಇದೆ. ಹಸಿವಾದ್ರೆ ಸಿಡುಕ್ತೀನಿ. ಅಕ್ಕ ದಿನಕ್ಕೆ ಎರಡು ಸಲ ಫೋನ್ ಮಾಡಿ ಅರ್ಧರ್ಧ ಗಂಟೆ ಮಾತಾಡ್ತಾಳೆ. ಸುಳ್ಳು ಹೇಳಿದ್ರೆ ಕಿವಿ ಕೆಂಪಾಗುತ್ತೆ, ನಿಜ ಹೇಳಿದ್ರೂ ಆಗುತ್ತೆ."

"ಅವಧಿ ಎಷ್ಟು?"

"ಪೂರ್ತಿ. ಮಧ್ಯದಲ್ಲಿ ಮುಗಿಸೋ ಸೌಲಭ್ಯ ಇಲ್ಲ."

ನಾನು ನಕ್ಕೆ. ಫ್ರೇಮ್ ತೆಗೆಯಲು ಹೋದ ಕೈಯನ್ನು ಅವನು ಹಾಗೇ ಹಿಡಿದುಕೊಂಡ. ಬಿಡಿಸಿಕೊಳ್ಳಬೇಕು ಎಂದು ನನಗೆ ಅನ್ನಿಸಲಿಲ್ಲ.

"ಅಮ್ಮನ್ನ ಒಪ್ಪಿಸೋದು ಕಷ್ಟ ಇದೆ," ಎಂದೆ. "ನಾನಾದ್ರೂ ವಾಸಿ. ಅನುಮಾನದಲ್ಲಿ ಅವಳು ನನಗಿಂತ ಹತ್ತು ಪಾಲು."

*

ಕೀಲಿಕೈ ಬಂದ ದಿನ ಅಮ್ಮ ಬೇರೆ ಯಾವ ಸಾಮಾನನ್ನೂ ಮುಟ್ಟಲಿಲ್ಲ. ಅಪ್ಪನ ಫೋಟೋವನ್ನು ಸೀರೆಯ ಸೆರಗಿನಲ್ಲಿ ಸುತ್ತಿ, ಮೂರು ಮಹಡಿ ತಾನೇ ಹೊತ್ತುಕೊಂಡು ಬಂದಳು. ಹಾಲಿನ ಗೋಡೆಯಲ್ಲಿ ಆಗಲೇ ಇದ್ದ ಮೊಳೆ ನೋಡಿ ನಿಂತಳು.

"ಇದನ್ನ ಯಾರು ಹೊಡೆದಿದ್ದು?"

ನಾನು ಎಲ್ಲವನ್ನೂ ಹೇಳಿದೆ. ಸೋಮವಾರದ ಸುಳ್ಳು, ಕಾಗದ, ಸುತ್ತಿಗೆ, ಹದಿನೆಂಟು ಲಕ್ಷ, ಗೊರಕೆ ಸಮೇತ ಹೇಳಿದೆ. ಅಮ್ಮ ಮೊಳೆಯನ್ನು ಎರಡು ಬೆರಳಲ್ಲಿ ಹಿಡಿದು ಅಲುಗಾಡಿಸಿದಳು. ಅಲುಗಲಿಲ್ಲ. ಎರಡೂ ಕೈ ಹಾಕಿ ಜಗ್ಗಿದಳು. ಒಂದು ಚೂರು ಗಾರೆಯೂ ಉದುರಲಿಲ್ಲ.

ಅಪ್ಪನನ್ನು ನೇತುಹಾಕಿ ಎರಡು ಹೆಜ್ಜೆ ಹಿಂದೆ ಬಂದಳು. ಕಣ್ಣು ಒರೆಸಿಕೊಳ್ಳುತ್ತಾ ತುಂಬಾ ಹೊತ್ತು ನೋಡಿದಳು. ಎಂಟು ವರ್ಷದಲ್ಲಿ ಮೊದಲ ಸಲ ಅಪ್ಪ ಜಾರದೆ ನಿಂತಿದ್ದರು.

"ಮೊಳೆ ಪರವಾಗಿಲ್ಲ," ಎಂದಳು ಅಮ್ಮ. "ಹೊಡೆದವನನ್ನ ಭಾನುವಾರ ರಾತ್ರಿ ಊಟಕ್ಕೆ ಕರ್ಕೊಂಡು ಬಾ. ಅವನನ್ನೂ ಒಂದ್ಸಲ ಜಗ್ಗಿ ನೋಡ್ತೀನಿ."