ಅಕ್ಕನ ದನಿಯ ಗಾಳ

ಸೋಮವಾರ ಬೆಳಿಗ್ಗೆ ‘ಕೋಟೆಬಾಗಿಲು’ ಸಂಸ್ಥೆಯ ದೊಡ್ಡ ಕೋಣೆಯಲ್ಲಿ ದನಿಗಾಳ ಮಾತಾಡತೊಡಗಿತು. “ದಾನಿ, ನಾನು ಕಸ್ತೂರಿ. ಊಟಾತೇನ?” ಗದಗಿನ ಕಡೆಯ ಹೆಂಗಸಿನ ದನಿ, ಸ್ವಲ್ಪ ಒರಟು, ಮಾತಿನ ಕೊನೆಯನ್ನು ಎಳೆಯುವ ರೂಢಿ. ಅದು ಯಂತ್ರವೆಂದು ಆಣೆ ಮಾಡಿ ಹೇಳಿದರೂ ನಂಬುವುದು ಕಷ್ಟ.

ದನಿಗಾಳವೆಂದರೇನು ಎಂಬುದನ್ನು ಇಲ್ಲಿಯೇ ಹೇಳಿಬಿಡಬೇಕು. ಆ ಕಾಲಕ್ಕೆ ಕಳ್ಳರು ಬೀಗ ಒಡೆಯುವುದನ್ನು ಬಿಟ್ಟಿದ್ದರು. ತಾಯಿಯ, ಮಗನ, ಮೇಲಧಿಕಾರಿಯ ದನಿಯನ್ನೇ ಕದ್ದು ಫೋನ್ ಮಾಡುತ್ತಿದ್ದರು. ಬ್ಯಾಂಕು, ಆಸ್ಪತ್ರೆಗಳ ಗಣಕಜಾಲಗಳನ್ನು ಕಾಯುವ ಹುಬ್ಬಳ್ಳಿಯ ಈ ಸಂಸ್ಥೆಯಲ್ಲಿ ಒಬ್ಬ ನೌಕರ ಮೋಸಹೋದರೂ ಸಾಕು, ಊರಿಗೆ ಊರೇ ಬಯಲಾಗುತ್ತಿತ್ತು. ಅದಕ್ಕೆಂದೇ ವಿಜ್ಞಾನಿ ಪ್ರಾಣೇಶ ಕಟ್ಟಿ ಈ ಯಂತ್ರ ಮಾಡಿದ್ದ. ಮದುವೆಯ ವಿಡಿಯೊ, ಹಳೆಯ ಧ್ವನಿಸಂದೇಶ, ಏನು ಸಿಕ್ಕರೂ ಅದರಿಂದ ಅದು ಒಬ್ಬರ ‘ದನಿಯಚ್ಚು’ ತೆಗೆಯುತ್ತಿತ್ತು. ಆ ದನಿಯಲ್ಲಿ ನೌಕರರಿಗೆ ಫೋನ್ ಮಾಡಿ ಅಂದಿನ ‘ಕದಮಾತು’, ಅಂದರೆ ಜಾಲದೊಳಗೆ ಹೋಗಲು ಬೇಕಾದ ಗುಟ್ಟಿನ ಪದವನ್ನು, ಉಪಾಯವಾಗಿ ಕೇಳುತ್ತಿತ್ತು. ‘ಇದು ಗಾಳ’ ಎಂದರೆ ಕರೆ ಅಲ್ಲಿಗೇ ಕಟ್. ಕದಮಾತು ಹೇಳಿದರೆ ಸೋತಂತೆ; ಇನ್ನೂ ಏನೇನು ಬಾಯಿಬಿಡುತ್ತಾರೆ ನೋಡೋಣವೆಂದು ಯಂತ್ರ ಮಾತು ಮುಂದುವರಿಸುತ್ತಿತ್ತು. ಈ ಪರೀಕ್ಷೆಗೆ ನೌಕರರೆಲ್ಲ ಒಪ್ಪಿಗೆ ಕೊಟ್ಟಿದ್ದರು. ದನಿಯ ಒಡೆಯರನ್ನು ಮಾತ್ರ ಯಾರೂ ಕೇಳಿರಲಿಲ್ಲ.

ಸೋತವರ ಕರೆಯನ್ನು ಸೋಮವಾರ ಎಲ್ಲರೆದುರು ಕೇಳಿಸುವ ಪದ್ಧತಿ ತಂದವಳು ಸಂಸ್ಥೆಯ ಒಡತಿ ಮಂದಾಕಿನಿ ಹಂಚಿನಮನಿ. ಕಾಲೇಜು ಅರ್ಧಕ್ಕೆ ಬಿಟ್ಟು, ಮೊಬೈಲ್ ರಿಪೇರಿ ಅಂಗಡಿಯಲ್ಲಿ ಕೂತು ತಾನೇ ಕಲಿತು ಮೇಲೆ ಬಂದವಳು. ಕೋಟು ತೊಟ್ಟವರ ಸಭೆಗಳಲ್ಲಿ ತಪ್ಪು ಮಾತಾಡಿ ನಗೆಗೀಡಾಗಿದ್ದಳು. ಜನ ಒಮ್ಮೆ ನಕ್ಕ ತಪ್ಪನ್ನು ಮತ್ತೆ ಮಾಡಿರಲಿಲ್ಲ. ನಾಚಿಕೆಗಿಂತ ಒಳ್ಳೆಯ ಮೇಷ್ಟ್ರಿಲ್ಲ ಎಂದು ಅವಳು ಅಷ್ಟಕ್ಕೇ ನಂಬಿಬಿಟ್ಟಿದ್ದಳು.

ಇಂದು ಸೋತವಳು ಗಿರಾಕಿಗಳ ಕರೆ ವಿಭಾಗದ ದಾನೇಶ್ವರಿ ಮುಳಗುಂದ. ಮೋಸಹೋಗಿ ಅಳುತ್ತ ಫೋನ್ ಮಾಡುವವರನ್ನು ಸಮಾಧಾನ ಮಾಡುವುದು ಅವಳ ಕೆಲಸ. ಅವಳು ಸೋತದ್ದು ಇದು ಮೂರನೇ ಸಲ. ಮೂರನೇ ಸಲ ಸೋತರೆ ನೌಕರಿ ಹೋಗುತ್ತಿತ್ತು.

ಧ್ವನಿವರ್ಧಕದಲ್ಲಿ ಅವಳು ತನ್ನ ಅಕ್ಕ ಕಸ್ತೂರಿಯ ದನಿಗೆ ಕದಮಾತು ಹೇಳಿದ್ದೇ ತಡ, ಕೋಣೆಯೆಲ್ಲ ನಕ್ಕಿತು. ಈಕೆಗೆ ಅಕ್ಕ ಅಂದರೆ ಸಾಕು, ಬ್ಯಾಂಕಿನ ಕೀಲಿಯನ್ನೂ ಕೊಟ್ಟಾಳು ಎಂದು ಹಿಂದಿನ ಸಾಲಿನವರು ಛೇಡಿಸಿದರು. ಆಮೇಲೆ ಅವಳದೇ ದನಿ ಮತ್ತೆ ಕೇಳಿಸಿತು.

“ಅಕ್ಕಾ, ಅವ್ವ ಹೋಗೂ ದಿನ ನಾ ಬಂದಿದ್ದೆ. ದವಾಖಾನಿ ಗೇಟಿನ ತನಕ ಬಂದು, ಒಳಗ ಬರಾಕ ಅಂಜಿ, ಹಂಗ ತಿರುಗಿ ಹೋದೆ.”

ನಗು ನಿಂತಿತು. ಗುಂಡಿ ಒತ್ತಿ ನಿಲ್ಲಿಸುವುದು ಮಂದಾಕಿನಿಯ ಕೈಯಲ್ಲೇ ಇತ್ತು. ಕೊನೆಯವರೆಗೆ ಕೇಳಿಸಬೇಕೆಂಬುದು ನಿಯಮ, ಅವಳು ನಿಲ್ಲಿಸಲಿಲ್ಲ.

ಆಮೇಲೆ ದಾನೇಶ್ವರಿಯನ್ನು ತನ್ನ ಕೋಣೆಗೆ ಕರೆಸಿದಳು. ಪ್ರಾಣೇಶನೂ ಬಂದ. ದನಿಯಚ್ಚು ಅಷ್ಟು ನಿಖರವಾಗಿದ್ದಾಗ ಯಾರಾದರೂ ಮೋಸಹೋಗುವುದು ಸಹಜ, ಒಡಹುಟ್ಟಿದವರ ದನಿಯನ್ನು ಮೆದುಳು ಪರೀಕ್ಷಿಸದೇ ಒಪ್ಪಿಕೊಳ್ಳುತ್ತದೆ ಎಂದು ಅವನು ಅವಳ ಪರವಾಗಿಯೇ ವಿವರಿಸತೊಡಗಿದ. ದಾನೇಶ್ವರಿ ತಲೆ ಅಲ್ಲಾಡಿಸಿದಳು.

“ಮೊದಲನೇ ಮಾತಿಗೇ ಗೊತ್ತಾತ್ರಿ ಸರ. ಅವ್ವ ಸತ್ತ ಮ್ಯಾಲೆ ನಮ್ಮಕ್ಕ ನನಗ ಫೋನೇ ಮಾಡಿಲ್ಲ.”

“ಗೊತ್ತಿದ್ದೂ ಕದಮಾತು ಹೇಳಿದಿ?” ಎಂದಳು ಮಂದಾಕಿನಿ.

“ಗಾಳ ಅಂದ್ರ ಕಟ್ ಆಕ್ಕೈತ್ರಿ ಮೇಡಮ್. ಹೇಳಿದ್ರ ಇನ್ನೊಂದೀಟು ಮಾತಾಡ್ತೈತಿ.”

ಹಾಗಾದರೆ ನಿಜವಾದ ಅಕ್ಕನಿಗೇ ಫೋನ್ ಮಾಡಬಹುದಿತ್ತಲ್ಲ ಎಂದು ಪ್ರಾಣೇಶ ಕೇಳಿದ. ಲೆಕ್ಕದ ಮನುಷ್ಯ.

“ಖರೇ ಅಕ್ಕಗ ಹಚ್ಚಿದ್ರ ಆಕಿ ಎತ್ತತಾಳ್ರಿ ಸರ. ಎತ್ತಿದ್ರ ನಾ ಏನ್ ಅನ್ನಲಿ?”

ಮಂದಾಕಿನಿಯ ಕಿವಿ ಬಿಸಿಯಾಯಿತು. ಒಡಹುಟ್ಟಿದವಳಿಗೂ ಹೇಳಲಾಗದ ಮಾತನ್ನು ಈ ಹುಡುಗಿ ಒಂದು ಯಂತ್ರದ ಕಿವಿಯಲ್ಲಿಟ್ಟಿದ್ದಳು. ತಾನು ಅದನ್ನು ತೆಗೆದು ಕೋಣೆ ತುಂಬ ಹಂಚಿದ್ದಳು. ನೌಕರಿಗೇನೂ ಆಗುವುದಿಲ್ಲ, ಇನ್ನು ಮೇಲೆ ಯಾರ ಕರೆಯನ್ನೂ ಯಾರೆದುರೂ ಕೇಳಿಸುವುದಿಲ್ಲ ಎಂದು ಅವಸರದಲ್ಲಿ ಹೇಳಿದಳು. ದಾನೇಶ್ವರಿಯ ಮುಖ ಅರಳಲಿಲ್ಲ. ನೌಕರಿ ಇರುತ್ತದೆ ನಿಜ, ಆದರೆ ಆ ಕೋಣೆಯಲ್ಲಿ ಹೇಗೆ ಕುಂದರಲಿ ಎಂದಷ್ಟೇ ಕೇಳಿದಳು.

ಮಂದಾಕಿನಿ ಮೇಜಿನ ಮೇಲಿದ್ದ ಫೋನ್ ಎತ್ತಿಕೊಂಡಳು. ದನಿ ಯಾರದೋ ಅವರನ್ನಾದರೂ ಕ್ಷಮೆ ಕೇಳೋಣವೆಂದು, ದಾನೇಶ್ವರಿಯ ಒಪ್ಪಿಗೆ ಪಡೆದು, ಮೂವರಿಗೂ ಕೇಳುವಂತೆ ಕಸ್ತೂರಿಗೆ ಫೋನ್ ಹಚ್ಚಿದಳು. ತನ್ನ ಹೆಸರು ಹೇಳಿದಳು. ಕೇಳದೆ ನಿಮ್ಮ ದನಿ ಬಳಸಿದ್ದೇವೆ, ತಪ್ಪಾಯಿತು ಎಂದಳು. ಆ ಕಡೆಯಿಂದ ನಗು ಬಂತು.

“ಇಂಥಾ ಫೋನ್ ಭಾಳ ಬರ್ತಾವು ಬಿಡ್ರಿ. ನಿಮ್ಮಂಥಾ ಕಳ್ಳರನ್ನ ಹಿಡಿಯೂ ಕಂಪನ್ಯಾಗ ನಮ್ಮ ತಂಗಿ ಅದಾಳ, ಗೊತ್ತೈತೇನು?”

ಆ ಮಾತಿನಲ್ಲಿದ್ದ ಹೆಮ್ಮೆಗೆ ದಾನೇಶ್ವರಿ ಬೆಚ್ಚಿದಳು. ಯಾರೂ ಹೇಳದೆಯೇ ಫೋನಿನತ್ತ ಬಾಗಿದಳು. “ಅಕ್ಕಾ, ಇಡಬ್ಯಾಡ.”



“ದನಿ ಯಾರರೆ ಮಾಡ್ತಾರ,” ಎಂದಳು ಕಸ್ತೂರಿ. “ದಾನಿ ಆಗಿದ್ರ ಹೇಳು. ಅವ್ವ ಹೋಗೂ ದಿನ ಎಲ್ಲಿದ್ದಿ?”

ಮಂದಾಕಿನಿ ನೆಲ ನೋಡಿದಳು.

“ದವಾಖಾನಿ ಗೇಟಿನಾಗ ಇದ್ದೆ ಅಕ್ಕಾ. ಅಂಜಿದ್ದೆ.”

“ಕಿಟಕ್ಯಾಗಿಂದ ನೋಡಿದ್ದೆ.” ದನಿ ಸಣ್ಣಗಾಯಿತು. “ನೀನಾಗೇ ಹೇಳ್ತಿ ಅಂತ ಕಾಯಾಕತ್ತಿದ್ದೆ.”

ಮಂದಾಕಿನಿ ಧ್ವನಿವರ್ಧಕ ಆರಿಸಿ, ಫೋನನ್ನು ದಾನೇಶ್ವರಿಯ ಕೈಗಿಟ್ಟು, ಪ್ರಾಣೇಶನ ತೋಳು ಹಿಡಿದು ಹೊರಗೆ ಬಂದಳು. ಈ ಕೋಣೆಯ ಕರೆಗಳೆಲ್ಲ ತಾವಾಗಿಯೇ ದಾಖಲಾಗುತ್ತವೆ, ಏನು ಮಾಡಲಿ ಎಂದು ಅವನು ಮೆಲ್ಲಗೆ ಕೇಳಿದ. ಅಳಿಸು ಎಂದಳು. ಕೇಳಿಸಿಕೊಳ್ಳದೆ ಅಳಿಸು ಎಂದೂ ಸೇರಿಸಿದಳು. ಊಟಕ್ಕೆ ಹೊರಟ ನೌಕರರು, ತನ್ನ ಕೋಣೆಯ ಹೊರಗೆ ತಾನೇ ನಿಂತ ಒಡತಿಯನ್ನು ಕಂಡು ಗೋಡೆಯಂಚಿಗೆ ಸರಿದು ದಾಟಿದರು.

ಕಡೆಗೆ ಬಾಗಿಲು ತೆರೆಯಿತು. ಅತ್ತು ಕೆಂಪಾದ ಮುಖದ ದಾನೇಶ್ವರಿ ಫೋನನ್ನು ಮುಂದೆ ಚಾಚಿದಳು. ಅಕ್ಕ ನಿಮ್ಮ ಜೋಡಿ ಮಾತಾಡ್ತಾಳಂತ್ರಿ, ಅಂದಳು.

ಮಂದಾಕಿನಿ ಫೋನನ್ನು ಕಿವಿಗಿಟ್ಟುಕೊಂಡಳು.

“ಹೇಳ್ರಿ ಮೇಡಮ್,” ಎಂದಿತು ಆ ದನಿ. “ಈಗ ನಂಬ್ತೇನಿ.”

ದೇಶದ ದೊಡ್ಡ ದೊಡ್ಡ ಸಭೆಗಳಲ್ಲಿ ಮಾತಾಡಿ ಬಂದವಳಿಗೆ, ಎಷ್ಟು ಹೊತ್ತಾದರೂ ದನಿ ಹೊರಡಲಿಲ್ಲ.