ಬ್ರಗ್ಮರ್ ಗೊಂಪಾದ ಏಳನೆಯ ದೀಪ

2021ರ ಅಕ್ಟೋಬರ್ 19, ಮಂಗಳವಾರ. ಬೆಳಿಗ್ಗೆ 8:10ಕ್ಕೆ ಥಂಗ್ಸೋ ಠಾಣೆಯ ಬಾಗಿಲಲ್ಲಿ ಒಬ್ಬ ಭಿಕ್ಷು ಬಂದು ಕುಸಿದ. ಹೆಸರು ಜಿನ್ಪಾ, ವಯಸ್ಸು ಮೂವತ್ತೆರಡು, ಬ್ರಗ್ಮರ್ ಗೊಂಪಾ ಎಂಬ ಬೌದ್ಧ ಮಠದವನು. ಬಂಡೆಯ ಮೇಲಿನ ಗೊಂಪಾದಿಂದ ಇಲ್ಲಿಯವರೆಗೆ ಒಂದೂವರೆ ತಾಸು ಓಡಿಕೊಂಡೇ ಬಂದಿದ್ದ. ಒಂದು ಕಾಲಲ್ಲಿ ಮಾತ್ರ ಬೂಟಿತ್ತು.

"ತಾರ್ಚಿನ್ ಗುರುಗಳನ್ನ ಕೊಂದುಬಿಟ್ಟಿದಾರೆ ಸಾಹೇಬ್ರೇ. ರಕ್ಷಕ ದೇವರ ಕೋಣೇಲಿ. ತಲೇನೇ ಇಲ್ಲ."

ಇನ್ಸ್‌ಪೆಕ್ಟರ್ ಗ್ಯಾಲ್ಸನ್ ಅಂಗ್‌ಚುಕ್ ನೀರಿನ ಲೋಟ ಮುಂದಿಟ್ಟ. "ತಲೆ ಇಲ್ವಾ, ಒಡೆದಿದೆಯಾ? ಸರಿಯಾಗಿ ಹೇಳು. ಬರ್ಕೋಬೇಕು."

"ಒಡೆದಿದೆ. ಪಕ್ಕದಲ್ಲೇ ಸುತ್ತಿಗೆ ಬಿದ್ದಿದೆ. ಗೋಡೆ ಕಟ್ತಿದ್ದನಲ್ಲ, ಆ ನೇಪಾಳಿದು. ಊರೋರು ಅವನನ್ನ ಹಿಡ್ಕೊಂಡಿದಾರೆ."

"ಹಿಡ್ಕೊಂಡು ಏನ್ ಮಾಡ್ತಿದಾರೆ?"

ಜಿನ್ಪಾ ಲೋಟ ಎತ್ತಿ ನೀರು ಕುಡಿಯತೊಡಗಿದ. ಗ್ಯಾಲ್ಸನ್‌ಗೆ ಅಷ್ಟೇ ಸಾಕಾಯಿತು. ಎಫ್‌ಐಆರ್ ಸಂಖ್ಯೆ 14/2021, ಕಲಂ 302 ಎಂದು ಬರೆಸಿ, ಹೆಡ್ ಕಾನ್ಸ್‌ಟೇಬಲ್ ಮೆಹದಿಯನ್ನೂ ಕಾನ್ಸ್‌ಟೇಬಲ್ ಡಿಸ್ಕಿತ್‌ಳನ್ನೂ ಜಿನ್ಪಾನ ಜೊತೆ ಜೀಪಿಗೆ ಹತ್ತಿಸಿದ. ರಸ್ತೆ ತೂಗುಸೇತುವೆಯ ತನಕ ಮಾತ್ರ. ಆಚೆಗೆ ಕಾಲೇ ಗತಿ.

9:25ಕ್ಕೆ ಬ್ರಗ್ಮರ್ ಊರು ತಲುಪಿದಾಗ ನೇಪಾಳಿಯನ್ನು ಪಾಪ್ಲರ್ ಮರಕ್ಕೆ ಯಾಕ್ ಹಗ್ಗದಿಂದ ಬಿಗಿದಿದ್ದರು. ಹೆಸರು ಮನ್‌ಬೀರ್, ನಲವತ್ತರ ಆಸುಪಾಸು. ಎಡಗಿವಿ ಅರ್ಧ ಹರಿದು ಜೋತಾಡುತ್ತಿತ್ತು. ಬಾಯಿಂದ ರಕ್ತದ ಜೊತೆ ಹಲ್ಲಿನ ಚೂರು ಬರುತ್ತಿತ್ತು. ಮೂವತ್ತು ಜನ ಸುತ್ತ ನಿಂತಿದ್ದರು. ಸರದಿ ಪ್ರಕಾರ ಹೊಡೆಯುತ್ತಿದ್ದರಂತೆ, ಥೂ! ಕ್ಷೌರಕ್ಕೆ ಕಾದವರ ಹಾಗೆ ಸಾಲಾಗಿ ನಿಂತಿದ್ದರು.

ಮೆಹದಿ ಒಳನುಗ್ಗಿದ. ಒಬ್ಬ ಸನಿಕೆ ಬೀಸಿದ. ಅದು ಮೆಹದಿಯ ಹೆಗಲಿಗೆ ಬಿತ್ತು. ಡಿಸ್ಕಿತ್ ಬೀಸಿದವನ ಮೊಣಕಾಲಿಗೆ ಲಾಠಿ ಕೊಟ್ಟಳು. ಅವನು ಊಳಿಟ್ಟು ಉರುಳಿದ. ಕಲ್ಲುಗಳು ಹಾರಿ ಬಂದವು. ಗ್ಯಾಲ್ಸನ್ ಪಿಸ್ತೂಲು ತೆಗೆದು ಎರಡು ಗುಂಡು ಆಕಾಶಕ್ಕೆ ಹಾರಿಸಿದ ಮೇಲೆ ಜನ ನಾಲ್ಕು ಹೆಜ್ಜೆ ಹಿಂದೆ ಸರಿದರು. ನಾಲ್ಕೇ.

ಊರಿನ ಮುಖ್ಯಸ್ಥ, ಗೋಬಾ ಪಾಲ್ಜೋರ್, ಮುಂದೆ ಬಂದ. "ಅಣ್ಣಾ ಗ್ಯಾಲ್ಸನ್, ನೀನೂ ನಮ್ಮೋನೇ. ದೇವರ ಮುಂದೆ ರಕ್ತ ಹರಿಸಿದಾನೆ ಇವನು."

"ನೀನು ನೋಡಿದ್ಯಾ?"

"ಸುತ್ತಿಗೆ ಇವಂದು."

"ನಿನ್ನ ಕುದುರೆ ನನ್ನನ್ನ ಒದ್ರೆ ನಿನ್ನನ್ನ ಜೈಲಿಗೆ ಹಾಕ್ಲಾ?"

ಯಾರೋ ಹಿಂದೆ ನಕ್ಕರು. ಗೋಬಾ ನಗಲಿಲ್ಲ. "ಸಂಜೆ ತನಕ ಟೈಮು. ಸೇತುವೇಲಿ ಹನ್ನೆರಡು ಜನ ಕೂತಿದಾರೆ, ಇವನನ್ನ ದಾಟಿಸೋಕೆ ಬಿಡಲ್ಲ. ಸೂರ್ಯ ಮುಳುಗಿದ ಮೇಲೆ ಬಂಡೆ ಮೇಲಿಂದ ತಳ್ತೀವಿ. ನಿನ್ನ ಪಿಸ್ತೂಲಲ್ಲಿ ಎಷ್ಟು ಗುಂಡಿದೆ ಎಣಿಸ್ಕೋ."

ಮನ್‌ಬೀರ್‌ನನ್ನು ಬಾರ್ಲಿ ಕಣಜದಲ್ಲಿ ಮಲಗಿಸಿ, ಬಾಗಿಲಲ್ಲಿ ಹೆಗಲ ಬಂದೂಕನ್ನು ಕೈಗೆ ತೆಗೆದುಕೊಂಡು ಡಿಸ್ಕಿತ್ ಕುಳಿತಳು. ಪಕ್ಕೆಲುಬು ಮುರಿದಿತ್ತು, ಉಸಿರೆಳೆದಾಗಲೆಲ್ಲ ಅವನು ನರಳುತ್ತಿದ್ದ.

"ಸುತ್ತಿಗೆ ಎಲ್ಲಿಟ್ಟಿದ್ದೆ?" ಗ್ಯಾಲ್ಸನ್ ಕೇಳಿದ.

"ಮೇಲೆ, ಜಗಲೀಲಿ. ದಿನಾ ಅಲ್ಲೇ ಬಿಡೋದು. ಹೊತ್ಕೊಂಡು ಯಾರು ಇಳೀತಾರೆ ಸಾಬ್."

"ಗುರುಗಳ ಜೊತೆ ಜಗಳ ಇತ್ತಾ?"

"ಅವರು ನನ್ನ ಜೊತೆ ಮಾತೇ ಆಡ್ತಿರಲಿಲ್ಲ. ನಮ್ಮಪ್ಪ ಕಮ್ಮಾರ ಅಂತ ಹೇಳಿದ್ದೆ. ಆವತ್ತಿಂದ ಚಹಾ ಹೊರಗಡೆ ಇಡೋರು." ಸ್ವಲ್ಪ ಸುಧಾರಿಸಿಕೊಂಡು, "ನಾನು ಸಾಯ್ತೀನಾ?" ಎಂದ.

"ಸಂಜೆ ತನಕ ಇಲ್ಲ," ಎಂದ ಗ್ಯಾಲ್ಸನ್. ಅವನಿಗೆ ಸುಳ್ಳು ಹೇಳಿ ಅಭ್ಯಾಸವಿರಲಿಲ್ಲ.

11:05. ಇಬ್ಬರು ಭಿಕ್ಷುಗಳನ್ನು ಪಂಚರಾಗಿ ನಿಲ್ಲಿಸಿಕೊಂಡು ಪಂಚನಾಮೆ ಶುರುವಾಯಿತು. ಕೋಣೆ ಹತ್ತು ಅಡಿಗೆ ಎಂಟು. ರಕ್ಷಕ ದೇವರ ಮುಖಕ್ಕೆ ಬಟ್ಟೆ ಹೊದಿಸಿತ್ತು. ವರ್ಷಕ್ಕೊಮ್ಮೆ ಮಾತ್ರ ತೆಗೆಯುವುದು. ಮುಖ ಮುಚ್ಚಿದ್ದ ದೇವರ ಬುಡದಲ್ಲಿ, ಆ ಕೋಣೆಯ ಕೀಲಿ ಇಟ್ಟುಕೊಳ್ಳುತ್ತಿದ್ದ ಗುರು ತಾರ್ಚಿನ್, ಅರವತ್ತೊಂದು ವರ್ಷ, ಅಂಗಾತ ಬಿದ್ದಿದ್ದ. ಏಟು ಒಂದಲ್ಲ. ಮೆಹದಿ ಎಣಿಸಿ ಒಂಬತ್ತು ಎಂದ. ಮೊದಲ ಎರಡರಲ್ಲೇ ಜೀವ ಹೋಗಿರಬೇಕು. ಉಳಿದ ಏಳು ಸತ್ತವನಿಗೆ ಬಿದ್ದವು. ಮಿದುಳು ಕಂಬದ ಮೇಲೆ ಎದೆಯ ಎತ್ತರಕ್ಕೆ ಸಿಡಿದಿತ್ತು. ಕಂಚಿನ ಕಿರೀಟ, ಬೆಳ್ಳಿಯ ಪಾತ್ರೆ, ಹವಳದ ಸರ ಎಲ್ಲ ಇದ್ದಲ್ಲೇ ಇದ್ದವು.

"ಕಳ್ಳ ಅಲ್ಲ," ಎಂದ ಮೆಹದಿ. "ಕಳ್ಳನಿಗೆ ಇಷ್ಟು ಸಿಟ್ಟು ಎಲ್ಲಿಂದ ಬರ್ಬೇಕು."

ಗ್ಯಾಲ್ಸನ್ ದೇವರ ಮುಂದಿನ ಸಾಲು ನೋಡುತ್ತಿದ್ದ. ಏಳು ನೀರಿನ ಬಟ್ಟಲು. ಆರರಲ್ಲಿ ತಿಳಿನೀರು, ಕೊನೆಯದರಲ್ಲಿ ಕೆಂಪು ನೀರು. ಅದರ ಪಕ್ಕ ಏಳು ದೀಪ. ಆರು ಆರಿ ತಣ್ಣಗಾಗಿದ್ದವು, ತಳದಲ್ಲಿ ಬಿಳಿ ಡಾಲ್ಡಾ ಹೆಪ್ಪುಗಟ್ಟಿತ್ತು. ಏಳನೆಯದು ಉರಿಯುತ್ತಿತ್ತು.

"ಈ ದೀಪ ಯಾರು ಹಚ್ಚಿದ್ದು?"

ಜಿನ್ಪಾ ತಡವರಿಸಿದ. "ಸಂಜೆ ಆರಕ್ಕೆ ಗುರುಗಳು ಏಳೂ ಹಚ್ತಾರೆ. ಬೆಳಿಗ್ಗೆ ಐದರೊಳಗೆ ಎಲ್ಲಾ ಆರುತ್ತೆ. ಆಮೇಲೆ ಬಂದು ಮತ್ತೆ ತುಂಬಿಸ್ತಾರೆ. ಇವತ್ತು ತುಂಬಿಸೋಕೆ ಬಂದಾಗಲೇ..."

"ನೀವ್ಯಾರೂ ಮುಟ್ಟಿಲ್ವಾ?"

"ಆರೂವರೆಗೆ ಬಾಗಿಲು ತೆಗೆದವನು ನಾನು. ಅದನ್ನ ನೋಡಿದ ಮೇಲೆ ದೀಪ ಯಾರಿಗೆ ನೆನಪಿರುತ್ತೆ ಸಾಹೇಬ್ರೇ?"

ಗ್ಯಾಲ್ಸನ್ ಬಗ್ಗಿ ನೋಡಿದ. ಈ ದೀಪದಲ್ಲಿ ಡಾಲ್ಡಾ ಇರಲಿಲ್ಲ. ಹಳದಿ ಬೆಣ್ಣೆ, ಮನೆಯಲ್ಲಿ ಕಡೆದದ್ದು. ಕರಗಿದ ಬೆಣ್ಣೆಯಲ್ಲಿ ಎರಡು ಆಡಿನ ಕೂದಲು ತೇಲುತ್ತಿದ್ದವು. ಆಡಿನ ಚರ್ಮದ ಚೀಲದಲ್ಲಿ ಹೊಲಿದಿಟ್ಟ ಬೆಣ್ಣೆಯಲ್ಲಿ ಹಾಗೆ ಕೂದಲು ಬರುವುದುಂಟು.

ಕೊಂದವನು ಓಡಿಹೋಗಿಲ್ಲ. ಬಟ್ಟಲಲ್ಲಿ ಕೈ ತೊಳೆದುಕೊಂಡಿದ್ದಾನೆ. ಮೈಲಿಗೆಯ ಕೈಯಲ್ಲಿ ದೀಪ ಮುಟ್ಟಬಾರದೆಂದು ತೊಳೆದಿದ್ದಾನೆ! ಆಮೇಲೆ ಹೆಣದ ಪಕ್ಕ ಕುಳಿತು ಬೆಣ್ಣೆ ತುಂಬಿ ದೀಪ ಹಚ್ಚಿದ್ದಾನೆ. ಮನ್‌ಬೀರ್‌ಗೆ ಈ ಶಾಸ್ತ್ರ ಗೊತ್ತಿರಲಾರದು. ಇದು ಇದೇ ಊರಿನ ಕೈ.

"ಜನ ತಂದುಕೊಡೋ ಬೆಣ್ಣೆ ಎಲ್ಲಿಗೆ ಹೋಗುತ್ತೆ?"

"ಅಡಿಗೆಮನೆಗೆ. ಚಹಾಕ್ಕೆ. ದೀಪಕ್ಕೆ ಡಾಲ್ಡಾ ಸಾಕು ಅಂತ ಗುರುಗಳು..."

"ಎಲ್ಲರ ಬೆಣ್ಣೇನೂ?"

ಅಷ್ಟರಲ್ಲಿ ಮೆಹದಿ ಬೆಂಚಿನ ಕೆಳಗಿಂದ ಒಂದು ತಗಡಿನ ಡಬ್ಬ ಎಳೆದ. ಒಳಗೆ ಅದೇ ಹಳದಿ ಬೆಣ್ಣೆ, ಅವೇ ಕೂದಲು. ಜೊತೆಗೊಂದು ಕರಿ ಚಿಂದಿ. ಗ್ಯಾಲ್ಸನ್ ಸತ್ತವನ ಕಾಲು ನೋಡಿದ. ಮೈಯೆಲ್ಲ ರಕ್ತವಾಗಿದ್ದರೂ ಬೂಟುಗಳು ಜಿಡ್ಡಿನಿಂದ ಮಿರುಗುತ್ತಿದ್ದವು.

"ಬೂಟಿಗೆ ಹಚ್ತಿದ್ರು," ಎಂದ ಜಿನ್ಪಾ ಕೊನೆಗೆ. "ಅದು ಗಾರ ಮನೆ ಬೆಣ್ಣೆ ಸಾಹೇಬ್ರೇ. ಕಮ್ಮಾರರದ್ದು. ಅಡಿಗೆಮನೆಗೆ ತಗೊಳೋ ಹಾಗಿಲ್ಲ, ದೇವರಿಗೆ ಹಚ್ಚೋ ಹಾಗಿಲ್ಲ. ಬೇಡ ಅಂದ್ರೆ ಪಾಪ ಬೇಜಾರು ಮಾಡ್ಕೋತಾನೆ ಅಂತ ತಗೊಂಡು ಇಟ್ಕೊಳೋರು."

"ಯಾರು ಬೇಜಾರು ಮಾಡ್ಕೊಳೋನು?"

"ಉರ್ಗ್ಯಾನ್. ಅವನ ಹೆಂಡತಿ ಯಾಂಗ್‌ಸ್ಕಿತ್ ತೀರ್ಕೊಂಡ್ಲಲ್ಲ. ದಾರಿ ಕಾಣಲಿ ಅಂತ ದಿನಾ ಒಂದು ಮುದ್ದೆ ಬೆಣ್ಣೆ ತಂದು ಹೊಸ್ತಿಲಲ್ಲಿ ಇಟ್ಟು ಹೋಗ್ತಿದ್ದ."

"ಯಾವತ್ತು ತೀರ್ಕೊಂಡಿದ್ದು?"

"ಸೆಪ್ಟೆಂಬರ್ ಒಂದು."

ಗ್ಯಾಲ್ಸನ್ ಬೆರಳು ಮಡಿಸಿದ. ಸತ್ತವರ ಜೀವ ನಲವತ್ತೊಂಬತ್ತು ದಿನ ಕತ್ತಲಲ್ಲಿ ಅಲೆಯುತ್ತದೆ, ಅಷ್ಟು ದಿನವೂ ಅದಕ್ಕೊಂದು ದೀಪ ಬೇಕು. ಇವತ್ತು ನಲವತ್ತೊಂಬತ್ತನೆಯ ದಿನ.

ದೀಪದಿಂದ ಒಂದು ಚಮಚ ಬೆಣ್ಣೆ ತೆಗೆದು ಶೀಸೆಗೆ ಹಾಕಿ ಮುದ್ರೆ ಒತ್ತಿದರು. ಸುತ್ತಿಗೆ, ಬಟ್ಟಲು, ಡಬ್ಬ ಎಲ್ಲವೂ ಜಪ್ತಿಯಾದವು. ದೀಪ ಆರಿಸಲು ಮೆಹದಿ ಕೈ ಚಾಚಿದ. ಗ್ಯಾಲ್ಸನ್ ತಡೆದ. "ಅದಿರಲಿ. ಆಮೇಲೆ ತಗೊಂಡ್ರಾಯ್ತು."

ಗೊಂಪಾದ ಹನ್ನೊಂದೂ ಭಿಕ್ಷುಗಳ ಹೇಳಿಕೆ ಬರೆದುಕೊಳ್ಳುವಷ್ಟರಲ್ಲಿ ಮೂರು ಗಂಟೆ. ಬೆಳಗಿನ ಜಾವ ಉರ್ಗ್ಯಾನ್ ಮೆಟ್ಟಿಲು ಇಳಿಯುವುದನ್ನು ಇಬ್ಬರು ನೋಡಿದ್ದರು. ದಿನವೂ ಬರುವವನು, ಹೇಳುವಂಥದ್ದೇನಿದೆ ಎಂದುಕೊಂಡರಂತೆ.

3:40. ಕುಲುಮೆ ಬಂಡೆಯ ಬುಡದಲ್ಲಿ, ಊರಿನಿಂದ ಆಚೆ. ಉರ್ಗ್ಯಾನ್ ಐವತ್ತರ ಗಟ್ಟಿ ಆಳು. ಕೆಂಪಗೆ ಕಾದ ಗುಳವನ್ನು ಇಕ್ಕಳದಲ್ಲಿ ಹಿಡಿದು ನಿಂತಿದ್ದ. ತಲೆ ಎತ್ತಲಿಲ್ಲ.

"ಜುಲೇ, ಉರ್ಗ್ಯಾನಣ್ಣ. ಬೆಳಿಗ್ಗೆ ಗೊಂಪಾಕ್ಕೆ ಹೋಗಿದ್ಯಾ?"

"ದಿನಾ ಹೋಗ್ತೀನಿ."

"ಒಳಗೆ ಹೋಗಿದ್ಯಾ?"

"ನಮ್ಮನ್ನ ಹೊಸ್ತಿಲು ದಾಟಿಸಲ್ಲ."

"ಏಳನೇ ದೀಪಕ್ಕೆ ಬೆಣ್ಣೆ ಯಾರು ಹಾಕಿದ್ದು?"

ಉರ್ಗ್ಯಾನ್ ಇಕ್ಕಳ ಬೀಸಿದ. ಕಾದ ಕಬ್ಬಿಣ ಮೆಹದಿಯ ಬಲ ಮುಂಗೈಗೆ ಬಡಿಯಿತು. ಸುಟ್ಟ ಮಾಂಸದ ವಾಸನೆ ಕುಲುಮೆ ತುಂಬಿತು. ಮೆಹದಿ ಅಲ್ಲಾನನ್ನು ಕೂಗಿ ಮಂಡಿಯೂರಿದ. ಗ್ಯಾಲ್ಸನ್ ಮೇಲೆ ಕೆಂಡದ ಬಾಂಡಲಿ ಎಸೆದು ಉರ್ಗ್ಯಾನ್ ಹೊರಗೆ ಹಾರಿದ. ಸೇತುವೆಯ ಕಡೆ ಓಡಲಿಲ್ಲ. ಬಂಡೆಯ ಮೆಟ್ಟಿಲು ಹತ್ತಿ ಗೊಂಪಾದ ಕಡೆಗೇ ಓಡಿದ.

ಮೂರನೆಯ ತಿರುವಿನಲ್ಲಿ ಗ್ಯಾಲ್ಸನ್ ಅವನ ನಿಲುವಂಗಿ ಹಿಡಿದ. ದಾರಿ ಎರಡು ಅಡಿ ಅಗಲ. ಕೆಳಗೆ ಮುನ್ನೂರು ಅಡಿ ಆಳದಲ್ಲಿ ನದಿ. ಉರ್ಗ್ಯಾನ್ ತಿರುಗಿ ಮೊಣಕೈಯಿಂದ ಮೂಗಿಗೆ ಗುದ್ದಿದ. ಮೂಳೆ ಮುರಿದ ಸದ್ದು ಗ್ಯಾಲ್ಸನ್‌ಗೇ ಕೇಳಿಸಿತು. ಇಬ್ಬರೂ ಬಿದ್ದರು. ಪಿಸ್ತೂಲು ಜಾರಿ ಪ್ರಪಾತಕ್ಕೆ ಹೋಯಿತು. ಕಮ್ಮಾರನ ಕೈ ಗಂಟಲು ಅಮುಕಿತು. ಗ್ಯಾಲ್ಸನ್‌ನ ತಲೆ, ಹೆಗಲು ಅಂಚಿನಿಂದಾಚೆ ತೂಗಿದವು.

"ಬಿಡು ನನ್ನ! ಹೊತ್ತಾಯ್ತು! ಬೆಣ್ಣೆ ಮುಗಿದಿರುತ್ತೆ!"

"ಉರೀತಿದೆ," ಎಂದು ಗ್ಯಾಲ್ಸನ್ ಗೊರಕೆಯಂಥ ದನಿಯಲ್ಲಿ ಹೇಳಿದ. "ನಾವು ಆರಿಸಿಲ್ಲ."

ಬೆರಳುಗಳು ಸ್ವಲ್ಪ ಸಡಿಲವಾದವು.

"ಮನ್‌ಬೀರ್‌ನ ಮರಕ್ಕೆ ಕಟ್ಟಿ ಹೊಡೀತಿದ್ದಾಗ ಎಲ್ಲಿದ್ದೆ ನೀನು?"

"ಅಲ್ಲೇ ಇದ್ದೆ. ನೋಡ್ತಿದ್ದೆ."

"ಅವನೂ ಕಮ್ಮಾರನ ಮಗನೇ. ಸೂರ್ಯ ಮುಳುಗಿದ್ರೆ ಅವನನ್ನ ಇಲ್ಲಿಂದಲೇ ತಳ್ತಾರೆ. ಅವನಿಗೆ ಯಾರಪ್ಪಾ ದೀಪ ಹಚ್ಚೋರು?"

ಉರ್ಗ್ಯಾನ್ ಕೈ ತೆಗೆದ. ಗ್ಯಾಲ್ಸನ್‌ನ ಅಂಗಿ ಹಿಡಿದು ಒಳಕ್ಕೆ ಎಳೆದುಕೊಂಡ. ಆಮೇಲೆ ಗೋಡೆಗೊರಗಿ ಕುಳಿತು ಎರಡೂ ಕೈ ಮುಂದೆ ಚಾಚಿದ. 4:15ಕ್ಕೆ ಬೇಡಿ ಬಿತ್ತು. ಅವನ ನಿಲುವಂಗಿಯ ಎದೆಯೊಳಗೆ ಬಟ್ಟೆಯಲ್ಲಿ ಸುತ್ತಿದ ಬೆಣ್ಣೆಯ ಮುದ್ದೆಯಿತ್ತು.

ಅಲ್ಲೇ ಕುಳಿತು ಹೇಳಿದ. "ಇವತ್ತು ಕೊನೇ ದಿನ ಅಂತ ಬೇಗ ಹೋದೆ. ಅವಳ ದೀಪ ಯಾವುದು ಗುರುಗಳೇ, ದೂರದಿಂದ ನೋಡ್ಕೋತೀನಿ ಅಂದೆ. ಅವರು ಬೂಟಿಗೆ ಜಿಡ್ಡು ಹಚ್ತಾ ಕೂತಿದ್ರು. ನನ್ನ ಬೆಣ್ಣೇಲಿ. ಯಾಂಗ್‌ಸ್ಕಿತ್ ಬೇಸಿಗೇಲಿ ಕಡೆದಿಟ್ಟಿದ್ದ ಬೆಣ್ಣೆ ಅದು. ನಲವತ್ತೆಂಟು ದಿನ ಅವಳು ಕತ್ತಲಲ್ಲಿ ಇದ್ಲು ಸಾಹೇಬ್ರೇ. ನಾನು ಹಚ್ಚಿದೀನಿ ಅಂದ್ಕೊಂಡು ನಿದ್ದೆ ಮಾಡ್ತಿದ್ದೆ."

"ಸುತ್ತಿಗೆ?"

"ಕೈಗೆ ಸಿಕ್ತು. ಎಷ್ಟು ಹೊಡೆದೆ ಗೊತ್ತಿಲ್ಲ."

"ಒಂಬತ್ತು."

"ಇರ್ಬೋದು."

ಸುಟ್ಟ ಕೈಗೆ ಒದ್ದೆ ಬಟ್ಟೆ ಸುತ್ತಿಕೊಂಡು ಮೆಹದಿ ಮೇಲೆ ಬಂದು ತಲುಪಿದ್ದ. ಎಲ್ಲವನ್ನೂ ಕೇಳಿಸಿಕೊಂಡ. ಉರ್ಗ್ಯಾನ್ ಬೆಣ್ಣೆಯ ಮುದ್ದೆ ಎತ್ತಿ ಹಿಡಿದು, "ಇದೊಂದು ಹಾಕಿ ಬರ್ತೀನಿ. ಆಮೇಲೆ ಎಲ್ಲಿಗಾದ್ರೂ ಕರ್ಕೊಂಡ್ಹೋಗಿ," ಎಂದ.

"ಆಗಲ್ಲ," ಎಂದ ಗ್ಯಾಲ್ಸನ್. ಆರೋಪಿಯನ್ನು ಆ ಕೋಣೆಗೆ ಬಿಟ್ಟರೆ ಕೇಸೇ ಹಾಳು.

ಮೆಹದಿ, ಮೂಗು ಮುರಿದುಕೊಂಡ ತನ್ನ ಸಾಹೇಬನನ್ನೂ, ತನ್ನ ಕೈ ಸುಟ್ಟವನನ್ನೂ ನೋಡಿದ. "ನಾನು ಹಾಕಿದ್ರೆ ನಡಿಯುತ್ತಾ?" ಎಂದ. "ನಾನು ಮುಸಲ್ಮಾನ. ನನ್ನ ಕೈ ನಿಮ್ಮ ದೇವರಿಗೆ ಆಗುತ್ತೋ ಇಲ್ವೋ, ನೀನೇ ಹೇಳು."

ಉರ್ಗ್ಯಾನ್ ಆವತ್ತು ಮೊದಲ ಬಾರಿ ಅತ್ತ. "ಆಗುತ್ತಣ್ಣ," ಎಂದ.

ಕೆಳಗೆ ಸುದ್ದಿ ತಿಳಿದ ಜನ ಈಗ ಉರ್ಗ್ಯಾನ್‌ನನ್ನು ತಮಗೆ ಒಪ್ಪಿಸು ಎಂದು ಪಟ್ಟು ಹಿಡಿದರು. ಗ್ಯಾಲ್ಸನ್ ಮೂಗಿನ ರಕ್ತ ಒರೆಸಿಕೊಳ್ಳದೆಯೇ ಗೋಬಾನ ಎದುರು ನಿಂತ. "ಕಣಜದಿಂದ ಮನ್‌ಬೀರ್‌ನ ಹೊರಗೆ ತನ್ನಿ. ಯಾರ್ಯಾರು ಹೊಡೆದ್ರೋ ಅವರೇ ಹೊರಬೇಕು. ಸೇತುವೆ ದಾಟಿ ಜೀಪಿನ ತನಕ. ಮೊದಲನೇ ಹೆಗಲು ನಿಂದು, ಪಾಲ್ಜೋರ್."

ತಪ್ಪಿಲ್ಲದವನನ್ನು ಹೊಡೆದದ್ದು ಈಗ ಎಲ್ಲರಿಗೂ ಗೊತ್ತಿತ್ತು. ಗೋಬಾ, ಗಾಯಾಳುವನ್ನು ಮಲಗಿಸಿದ ಮಂಚದ ಕಾಲು ಹಿಡಿದ. ಸೇತುವೆಯ ಮೇಲೆ ಕುಳಿತಿದ್ದ ಹನ್ನೆರಡು ಜನ ಎದ್ದು ಮಂಚಕ್ಕೂ ಬೇಡಿ ತೊಟ್ಟ ಉರ್ಗ್ಯಾನ್‌ಗೂ ದಾರಿ ಬಿಟ್ಟರು. ಮನ್‌ಬೀರ್ ಬದುಕಿದ. ಅವನ ಹೇಳಿಕೆಯ ಮೇಲೆ ಮರುದಿನ ಒಂಬತ್ತು ಜನರ ವಿರುದ್ಧ ಕೊಲೆ ಯತ್ನದ ಎಫ್‌ಐಆರ್ 15/2021 ದಾಖಲಾಯಿತು. ಮೊದಲ ಆರೋಪಿ ಗೋಬಾ.

14/2021ರ ಪಂಚನಾಮೆಯ ಕೊನೆಯ ಪುಟ ಮೆಹದಿಯ ಎಡಗೈ ಬರಹದಲ್ಲಿದೆ. ಅಕ್ಷರ ಸೊಟ್ಟಗಿವೆ: "ಹಿತ್ತಾಳೆ ದೀಪ ಒಂದು. ಮಾದರಿ ತೆಗೆದ ನಂತರ, ಸಂಜೆ 4:50ಕ್ಕೆ, ನನ್ನ ಕೈಯಿಂದ ಬೆಣ್ಣೆ ಹಾಕಲಾಯಿತು. 5:50ಕ್ಕೆ ಸೂರ್ಯ ಮುಳುಗಿದಾಗ ಉರಿಯುತ್ತಿತ್ತು. ತಾನಾಗಿ ಆರಿದ ಮೇಲೆ ಜಪ್ತಿ ಮಾಡಲಾಯಿತು."